ತೊಂಬತ್ತೊಂಬತ್ತರ ಗುಂಪಿನ ಮಂಡಿನೋವು

ನನ್ನ ಕೆಲಸ ಏನೆಂಬುದು ನಮ್ಮವ್ವನಿಗೆ ಕೊನೆಯವರೆಗೂ ಸರಿಯಾಗಿ ಅರ್ಥವಾಗಲಿಲ್ಲ. ಜಗಳೂರಿನಲ್ಲಿ ಅಕ್ಕಪಕ್ಕದವರು ಕೇಳಿದರೆ "ಆಸ್ಪತ್ರ್ಯಾಗೆ ಅದಾಳೆ" ಎಂದಷ್ಟೇ ಹೇಳಿ, ನರ್ಸು ಅಂದುಕೊಂಡರೆ ಅಂದುಕೊಳ್ಳಲಿ ಎಂದು ಸುಮ್ಮನಾಗುತ್ತಿದ್ದಳು. ಒಮ್ಮೆ ನಾನೇ ಎದುರಿಗೆ ಕೂರಿಸಿಕೊಂಡು ವಿವರಿಸಿದೆ. ರೋಗಿ ಮನೆಗೆ ಹೋದ ಮೇಲೆ ಅವರ ಕಾಗದಗಳು ನಮ್ಮ ಕೋಣೆಗೆ ಬರುತ್ತವೆ, ಡಾಕ್ಟರು ಬರೆದ ಕಾಯಿಲೆಯ ಹೆಸರನ್ನು ದಪ್ಪ ಪುಸ್ತಕದಲ್ಲಿ ಹುಡುಕಿ ಅದರ ನಂಬರನ್ನು ಮೂಲೆಯಲ್ಲಿ ಬರೆಯುತ್ತೇವೆ ಎಂದೆ. ಅವ್ವ ಯೋಚಿಸಿ, "ಬಸ್ಸಿಗೆ ಹಾಕ್ತಾರಲ್ಲ, ಹಂಗಾ?" ಅಂದಳು. ಹಂಗೇ ಅಂದೆ. "ರೋಗ ವಾಸಿಯಾಗಿ ಮನಿಗೆ ಹೋದಮ್ಯಾಲೆ ನಂಬರ್ ಹಾಕಿ ಏನ್ ಮಾಡ್ತೀರಿ?" ಅಂತ ಕೇಳಿದಳು. ಉತ್ತರ ನನ್ನ ಬಾಯಲ್ಲಿತ್ತು, ಆದರೆ ಅವಳು ಅಷ್ಟರಲ್ಲಿ ರೊಟ್ಟಿ ತಟ್ಟಲು ಎದ್ದಿದ್ದಳು.

ಎಂಬತ್ತರ ದಶಕದ ಮೊದಲ ವರ್ಷಗಳು. ನಾನು ಮದುವೆಯಾಗಿ ಚನ್ನಗಿರಿಗೆ ಬಂದಿದ್ದೆ. ಅಲ್ಲಿಂದ ದಿನಾ ಬಸ್ಸಿನಲ್ಲಿ ಹೋಗಿಬರುವಷ್ಟು ದೂರದ ಒಂದು ಆಸ್ಪತ್ರೆಯಲ್ಲಿ ಕೆಲಸ. ಅದರ ಹೆಸರು ಇಲ್ಲಿ ಬೇಡ. ಕಾಗದಗಳ ಕೋಣೆಯಲ್ಲಿ ನನ್ನ ಮೇಲೆ ಒಬ್ಬರು ಹಿರಿಯರಿದ್ದರು, ಕನ್ನಡಕವನ್ನು ಹಣೆಗೇರಿಸಿಕೊಂಡು ಅದನ್ನೇ ಹುಡುಕುವ ಪೈಕಿ. ಕಾಯಿಲೆಗಳ ಪುಸ್ತಕ ಹೊರದೇಶದಲ್ಲಿ ಅಚ್ಚಾದದ್ದು. ಹೊಸ ಆವೃತ್ತಿ ಆಗಷ್ಟೇ ಬಳಕೆಗೆ ಬಂದಿತ್ತು. ಲೋಕದಲ್ಲಿ ಮನುಷ್ಯನಿಗೆ ಬರಬಹುದಾದ ಕಷ್ಟಗಳೆಲ್ಲ ಅದರಲ್ಲಿ ಸಾಲಾಗಿ ನಿಂತಿದ್ದವು. ನನಗೆ ಅಚ್ಚುಕಟ್ಟೆಂದರೆ ಪ್ರಾಣ. ಮನೆಯಲ್ಲಿ ಸಾಸಿವೆ ಡಬ್ಬಿಗೂ ಚೀಟಿ ಅಂಟಿಸಿದವಳು ನಾನು. "ನನಗೂ ಒಂದು ಅಂಟಿಸಿಬಿಡು, ಅದಲುಬದಲು ಆದೀತು" ಎಂದು ನನ್ನ ಗಂಡ ನಗುತ್ತಿದ್ದರು. ಆ ಪುಸ್ತಕ ಕೈಗೆ ಸಿಕ್ಕಾಗ ನನ್ನಂಥವಳೇ ಯಾರೋ ಬರೆದಿದ್ದಾಳೆ ಅನ್ನಿಸಿ ಖುಷಿಯಾಗಿತ್ತು.

ಅದರಲ್ಲಿ ಕೆಲವು ಕಾಯಿಲೆಗಳಿಗೆ ಎರಡೆರಡು ನಂಬರು. ಹೊಟ್ಟೆಗೆ ಸೋಂಕು ತಗುಲಿ ರಕ್ತಭೇದಿ ಆಗುತ್ತದೆ. ಭೇದಿ ನಿಂತು, ಇನ್ನೇನು ಗೆದ್ದೆವು ಅನ್ನುವಾಗ ಮಂಡಿಯೋ ಹಿಮ್ಮಡಿಯೋ ಬಾತುಕೊಳ್ಳುತ್ತದೆ. ಆ ಮಂಡಿಯೊಳಗೆ ಹುಡುಕಿದರೆ ಕ್ರಿಮಿ ಸಿಗುವುದಿಲ್ಲ. ಜಗಳ ಆದದ್ದು ಹೊಟ್ಟೆಯಲ್ಲಿ, ಪೆಟ್ಟು ತಿಂದದ್ದು ಮಂಡಿ. ಅದಕ್ಕೇ ಪುಸ್ತಕದಲ್ಲಿ ಬೇರಿನ, ಅಂದರೆ ಹೊಟ್ಟೆಯ ಸೋಂಕಿನ, ನಂಬರಿನ ಪಕ್ಕ ಪುಟ್ಟ ಕತ್ತಿಯ ಗುರುತು, ಕೀಲಿನ ನಂಬರಿನ ಪಕ್ಕ ನಕ್ಷತ್ರ. ಮೊದಲು ಬೇರು ಹೇಳು, ಆಮೇಲೆ ಕೊಂಬೆ ಹೇಳು ಅನ್ನುವ ಈ ಕ್ರಮ ನನಗೆ ತುಂಬ ನ್ಯಾಯವಾಗಿ ಕಂಡಿತ್ತು.

ಆದರೆ ಇದೇ ಕಾಯಿಲೆ ಕೆಲವರಿಗೆ ಮಂಡಿಯ ಜೊತೆಗೆ ಕಣ್ಣನ್ನೂ ಕೆಂಪು ಮಾಡಿ, ಮೂತ್ರಕ್ಕೆ ಹೋದರೆ ಉರಿಯುವ ಹಾಗೆಯೂ ಮಾಡುತ್ತದೆ. ಮೂರೂ ಸೇರಿದರೆ ಅದಕ್ಕೆ ಬೇರೆ ಹೆಸರು, ಯಾರೋ ಜರ್ಮನ್ ಡಾಕ್ಟರದ್ದು. ಆ ಹೆಸರಿನ ಕಾಯಿಲೆ ಬರುವುದು ಎರಡು ದಾರಿಯಲ್ಲಿ: ಕೆಲವರಿಗೆ ಭೇದಿಯ ಹಿಂದೆ, ಕೆಲವರಿಗೆ ಹೆಣ್ಣುಗಂಡಿನ ಸಂಗದಿಂದ. ಪುಸ್ತಕ ಬರೆದವರು ಎರಡನೆಯ ದಾರಿಯನ್ನೇ ನೋಡಿ, ಆ ಹೆಸರನ್ನು ತೊಂಬತ್ತೊಂಬತ್ತನೆಯ ನಂಬರಿನ ಕೆಳಗೆ ಕೂರಿಸಿದ್ದರು. ತೊಂಬತ್ತೊಂಬತ್ತು ಎಂದರೆ ಗುಪ್ತರೋಗಗಳ ಗುಂಪು. ಈಚಲು ಮರದ ಕೆಳಗೆ ಕೂತು ಮಜ್ಜಿಗೆ ಕುಡಿದರೂ ಹೆಂಡ ಅನ್ನುತ್ತಾರೆ. ಇಲ್ಲಿ ಕುಡಿದವನು ಕೂತದ್ದೂ ಇಲ್ಲ, ಪುಸ್ತಕವೇ ಎತ್ತಿ ಮರದ ಕೆಳಗೆ ಕೂರಿಸಿತ್ತು. ಇದು ನನಗೆ ಗೊತ್ತಾದದ್ದು ನಮ್ಮ ಭಾವನಿಂದ.

ಭಾವ ಎಂದರೆ ನನ್ನ ಅಕ್ಕನ ಗಂಡ. ನ್ಯಾಮತಿಯವರು. ಸಂತೆಯಿಂದ ಸಂತೆಗೆ ಹೋಗಿ ಕುಪ್ಪಸದ ಕಣ, ಲಂಗದ ಬಟ್ಟೆ ಮಾರುತ್ತಿದ್ದರು. ಸಂತೇಬೆನ್ನೂರಿನ ಸಂತೆಗೆ ಹಿಂದಿನ ದಿನವೇ ಹೋಗಿ ಅಲ್ಲೇ ಉಳಿಯುವುದು ವಾಡಿಕೆ. ಗಿರಾಕಿಗಳೆಲ್ಲ ಹೆಂಗಸರು, ಭಾವನ ಬಾಯಿಯೂ ಜೋರು. "ಈ ಬಣ್ಣ ನಿಮಗಲ್ದೆ ಇನ್ಯಾರಿಗೆ ಒಪ್ತೈತೆ ಅಕ್ಕಾರೇ" ಅನ್ನುವುದನ್ನು ಹಲ್ಲಿಲ್ಲದ ಮುದುಕಿಗೂ ಅನ್ನುತ್ತಿದ್ದರು. ಅಕ್ಕನಿಗೆ ಅದು ಮೊದಲಿಂದ ಸೇರುತ್ತಿರಲಿಲ್ಲ. ಮನೆಯಲ್ಲಿದ್ದವರು ಅವರಿಬ್ಬರು, ಚಿಕ್ಕ ಮಗಳು, ಮತ್ತೆ ಭಾವನ ತಾಯಿ. ನಾನು ಅವರನ್ನು ಅತ್ತೆಮ್ಮ ಎಂದು ಕರೆಯುತ್ತಿದ್ದೆ. ಮಗ ಇನ್ನೂ ಮೀಸೆ ಮೂಡದವನಿದ್ದಾಗಲೇ ಗಂಡನನ್ನು ಕಳೆದುಕೊಂಡವರು. ಮಾತು ಕಡಿಮೆ. ಅಕ್ಕನಿಗೂ ಅವರಿಗೂ ಜಗಳವೂ ಇರಲಿಲ್ಲ, ಸಲಿಗೆಯೂ ಇರಲಿಲ್ಲ. ಒಬ್ಬರು ಒಲೆಯ ಮುಂದಿದ್ದರೆ ಇನ್ನೊಬ್ಬರು ಹಿತ್ತಲಲ್ಲಿರುತ್ತಿದ್ದರು.

ಆ ವರ್ಷ ಹೊನ್ನಾಳಿಯಲ್ಲಿ ಭಾವನ ಕಡೆಯವರ ಮದುವೆ. ಮದುವೆಯ ಮರುದಿನದ ಬೀಗರೂಟಕ್ಕೆ ತಾಯಿ ಮಗ ಹೋಗಿದ್ದರು. ಮಗಳಿಗೆ ಜ್ವರವಿದ್ದದ್ದರಿಂದ ಅಕ್ಕ ಮನೆಯಲ್ಲೇ ಉಳಿದಳು. ಬಾಡೂಟವೋ, ಹೊಳೆಗೆ ಹೊಸ ನೀರು ಬಂದ ದಿನಗಳ ಆ ಕುಡಿಯುವ ನೀರೋ, ತಾಯಿ ಮಗನೂ ಸೇರಿ ಉಂಡವರಲ್ಲಿ ಬಹಳ ಮಂದಿಗೆ ರಕ್ತಭೇದಿ ಹಿಡಿಯಿತು. ದಾಳಿಂಬೆ ಸಿಪ್ಪೆ, ಮಜ್ಜಿಗೆ, ಮಾತ್ರೆ ಎಂದು ಎಲ್ಲ ಆಗಿ, ಭಾವ ಎದ್ದು ಓಡಾಡುವಂತಾದರು. ಕೆಲವು ವಾರ ಕಳೆದ ಮೇಲೆ ಅವರ ಬಲಮಂಡಿ ಕುಂಬಳಕಾಯಿಯ ಹಾಗೆ ಊದಿತು. ಕಣ್ಣು ಕೆಂಡ. ಸಂತೆಯಲ್ಲಿ ಚಕ್ಕಳಮಕ್ಕಳ ಹಾಕಿ ಕೂರಲಾಗದೆ ಗಂಟು ಕಟ್ಟಿಕೊಂಡು ವಾಪಸ್ ಬಂದರು. ನಾನೇ ಹೇಳಿಕಳಿಸಿ ನಮ್ಮ ಆಸ್ಪತ್ರೆಗೆ ಸೇರಿಸಿದೆ. ಅಲ್ಲಿ ಮಲಗಿದ್ದಾಗಲೂ ನರ್ಸುಗಳಿಗೆ ಯಾವ ಬಣ್ಣ ಒಪ್ಪುತ್ತದೆ ಎಂದು ಹೇಳುತ್ತಲೇ ಇದ್ದರು. ಮೂತ್ರದ ಉರಿಯನ್ನು ಡಾಕ್ಟರಿಗೆ ಮಾತ್ರ ಹೇಳಿದರಂತೆ, ನನಗೆ ಹೇಳಲು ನಾಚಿಕೆ.

ಊತ ಇಳಿಯುತ್ತಾ ಬಂದಾಗ ಮನೆಗೆ ಕಳಿಸಿದರು. ಡಾಕ್ಟರು ಕಾಗದದ ಮೇಲೆ ಆ ಜರ್ಮನ್ ಹೆಸರನ್ನಷ್ಟೇ ಬರೆದಿದ್ದರು. ಕಾಲೇಜಿನಲ್ಲಿ ಓದಿದ್ದು ಹಾಗೆ, ಬರೆದದ್ದು ಹಾಗೆ. ಕಾಗದ ನಮ್ಮ ಕೋಣೆಯ ಹಿರಿಯರ ಪಾಲಿಗೆ ಹೋಯಿತು. ಅವರು ಪುಸ್ತಕ ತೆಗೆದು ಹೆಸರಿನ ಮುಂದೆ ಇದ್ದ ನಂಬರನ್ನೇ ಬರೆದರು. ಅವರು ತಪ್ಪು ಮಾಡಲಿಲ್ಲ. ಡಾಕ್ಟರೂ ತಪ್ಪು ಮಾಡಲಿಲ್ಲ. ಹಾಗೆ ನೋಡಿದರೆ ಯಾರೂ ತಪ್ಪು ಮಾಡಲಿಲ್ಲ, ನನ್ನ ಅಕ್ಕನ ಸಂಸಾರ ಮಾತ್ರ ಮುರಿಯುವ ಹಂತಕ್ಕೆ ಬಂತು.

ಏಕೆಂದರೆ ತೊಂಬತ್ತೊಂಬತ್ತರ ಗುಂಪಿಗೆ ಸೇರಿದವರ ವಿಳಾಸ ಅವರವರ ಊರಿನ ಕಡೆಯ ಆರೋಗ್ಯ ಕೇಂದ್ರಕ್ಕೆ ಹೋಗುತ್ತಿತ್ತು, ಹೆಂಡತಿಯನ್ನೂ ಕರೆಸಿ ರಕ್ತ ನೋಡಲಿ ಎಂದು. ಏರ್ಪಾಡು ಒಳ್ಳೆಯದೇ. ಎತ್ತು ಈಯಿತು ಅಂದರೆ ಕೊಟ್ಟಿಗೆಗೆ ಕಟ್ಟು ಎನ್ನುವ ನಮ್ಮ ಜನರ ಕೈಗೆ ಅದು ಸಿಗಬಾರದಷ್ಟೆ. ಒಬ್ಬರು ನರ್ಸಮ್ಮ ನ್ಯಾಮತಿಯ ಮನೆಗೆ ಬಂದರು. ಅಕ್ಕ ಜಗಲಿಯಲ್ಲಿ ಪಕ್ಕದ ಮನೆಯವಳ ಜೊತೆ ಅಕ್ಕಿ ಆರಿಸುತ್ತಿದ್ದಳು. "ನಿಮ್ಮ ಯಜಮಾನರಿಗೆ ಆಗಿರೋದು ನಿಮಗೂ ತಗುಲಿರ್ತೈತೆ, ಬಂದು ರಕ್ತ ಕೊಡ್ರಿ" ಅಂದರು. ಮಂಡಿನೋವು ಹೆಂಗೆ ತಗುಲುತ್ತದೆ ಎಂದು ಅಕ್ಕ ಕೇಳಿದಳು. ನರ್ಸಮ್ಮ ದನಿ ಇಳಿಸಿ ಯಾವ ಜಾತಿಯ ರೋಗ ಎಂದು ಹೇಳಿದರು. ದನಿ ಇಳಿಸಿದ್ದು ಪಕ್ಕದ ಮನೆಯವಳಿಗೆ ಇನ್ನೂ ಚೆನ್ನಾಗಿ ಕೇಳಿಸಿತು. ಅಕ್ಕ ಮೊರ ಅಲ್ಲೇ ಬಿಟ್ಟು, ಮಗಳನ್ನು ಎತ್ತಿಕೊಂಡು ಜಗಳೂರಿನ ತವರಿಗೆ ಬಂದುಬಿಟ್ಟಳು.

ನಾನು ರಜೆ ಹಾಕಿ ಓಡಿದೆ. ಕತ್ತಿಯ ಗುರುತು, ನಕ್ಷತ್ರದ ಗುರುತು, ಎರಡು ದಾರಿ ಎಲ್ಲವನ್ನೂ ಒಂದು ಕಾಗದದ ಮೇಲೆ ಚಿತ್ರ ಬರೆದು ತೋರಿಸಿದೆ. ಹೊನ್ನಾಳಿಯ ಊಟದ ಭೇದಿಯಿಂದಲೇ ಇದು ಬಂದದ್ದು, ಆಣೆ ಮಾಡಿ ಹೇಳುತ್ತೇನೆ ಎಂದೆ. ಅಕ್ಕ ಪೂರ್ತಿ ಕೇಳಿಸಿಕೊಂಡಳು.

"ಹಂಗಾದ್ರೆ ನಿಮ್ಮ ಪುಸ್ತಕದಾಗೆ ಅದು ಯಾವ ಗುಂಪಿನಾಗೈತೆ?" ಎಂದಳು.

ನನಗೆ ಸುಳ್ಳು ಹೇಳಲು ಬರುವುದಿಲ್ಲ, ಅದರಲ್ಲೂ ಪುಸ್ತಕದ ವಿಷಯದಲ್ಲಿ. ಆ ಗುಂಪಿನಲ್ಲೇ ಇದೆ, ಆದರೆ ಎಂದು ಶುರು ಮಾಡಿದೆ.

"ಆದರೆ ಪೀದರೆ ಬ್ಯಾಡ. ಅಚ್ಚು ಹಾಕ್ಸಿದೋರು ನಿನಗಿಂತ ದಡ್ಡರಾ? ಬೆಂಕಿ ಇಲ್ದೆ ಹೊಗೆ ಆಡಲ್ಲ. ಸಂತೇಬೆನ್ನೂರಾಗೆ ರಾತ್ರಿ ಉಳ್ಕಳಾಕೆ ಅಲ್ಲಿ ಯಾರ ಮನಿ ಐತೆ ಅಂತ ನಾನು ಎಷ್ಟು ಸಲ ಕೇಳೀನಿ?"

ನನ್ನ ಪುಸ್ತಕದ ಮೇಲೆ ನನಗೇ ಸಿಟ್ಟು ಬಂದದ್ದು ಅವತ್ತೇ. ವಾಪಸ್ ಹೋದವಳು ಡಾಕ್ಟರ ಮುಂದೆ ನಿಂತೆ. ಅವರು ಒಳ್ಳೆಯವರು. ಹಳೆಯ ಹಾಳೆ ತಿರುವಿ, "ಭೇದಿಯ ಇತಿಹಾಸ ನಾನೇ ಬರೆದಿದೀನಲ್ಲಮ್ಮ, ಅನುಮಾನವೇ ಇಲ್ಲ" ಎಂದರು. ಹಾಗಾದರೆ ಭೇದಿಯ ನಂತರದ ಕೀಲೂತ ಎಂದು ಬರೆದುಕೊಡಿ, ಅದಕ್ಕೆ ಕೀಲುಗಳ ಗುಂಪಾದ ಏಳುನೂರ ಹನ್ನೊಂದರ ಕೆಳಗೆ ಗೌರವದ ಜಾಗವಿದೆ ಎಂದೆ. ನಕ್ಕು ಬರೆದು ಸಹಿ ಹಾಕಿದರು. ನಮ್ಮ ಹಿರಿಯರೂ ಕನ್ನಡಕ ಇಳಿಸಿ ನಂಬರನ್ನು ಕೆಂಪು ಶಾಯಿಯಲ್ಲಿ ತಿದ್ದಿದರು. ಆರೋಗ್ಯ ಕೇಂದ್ರಕ್ಕೂ ಒಂದು ಪತ್ರ ಹೋಯಿತು. ಗೆದ್ದೆ ಎಂದುಕೊಂಡು ಮತ್ತೆ ಜಗಳೂರಿಗೆ ಹೋಗಿ ಅಕ್ಕನಿಗೆ ಹೇಳಿದರೆ, ಅವಳ ಮುಖ ಇನ್ನಷ್ಟು ಬಿಗಿಯಾಯಿತು.

"ನೀನು ಅಲ್ಲಿ ಕೆಲಸ ಮಾಡ್ತೀಯ ಅಂತ ತಿದ್ದಿಕೊಟ್ಟಾರೆ. ವಶೀಲಿ ಹಚ್ಚಿದ್ರೆ ವಯಸ್ಸು ತಿದ್ದಲ್ವಾ, ಜಾತಿ ತಿದ್ದಲ್ವಾ, ರೋಗ ತಿದ್ದದು ಏನು ದೊಡ್ಡದು?"

ಅವಳನ್ನು ಹೇಗೆ ಬೈಯಲಿ? ನಮ್ಮ ಕಡೆ ಯಾರನ್ನು ಕೇಳಿದರೂ ಇದನ್ನೇ ಹೇಳುತ್ತಿದ್ದರು. ಮೊದಲು ಬರೆದದ್ದು ನಿಜ, ಆಮೇಲೆ ತಿದ್ದಿದ್ದು ಪರಿಚಯ. ಕಚೇರಿಗಳ ಜೊತೆ ಬದುಕಿ ಜನ ಕಲಿತ ಪಾಠ ಅದು, ಹತ್ತರಲ್ಲಿ ಒಂಬತ್ತು ಸಲ ಸರಿಯೂ ಹೌದು. ಹತ್ತನೆಯವರು ನಮ್ಮ ಭಾವ ಆಗಿದ್ದರು. ಅಪ್ಪ ಬೇರೆ, ಎರಡೂ ಕಡೆಯ ಹಿರಿಯರು ಕೂತು ಮಾತಾಡಿ ಒಂದು ತೀರ್ಮಾನ ಮಾಡಿಬಿಡಲಿ ಎಂದು ಒಂದು ಭಾನುವಾರ ಗೊತ್ತು ಮಾಡಿದ್ದ. ತೀರ್ಮಾನ ಎಂದರೆ ಏನೆಂದು ನನಗೆ ಗೊತ್ತಿತ್ತು. ಅಕ್ಕನನ್ನು ಬಿಡಿಸಿಕೊಂಡುಬಿಡುವುದು.

ಆ ಭಾನುವಾರಕ್ಕೆ ಮುಂಚೆ ಭಾವನನ್ನು ನೋಡಲು ನ್ಯಾಮತಿಗೆ ಹೋದೆ. ಅವರು ಮನೆಯಲ್ಲಿರಲಿಲ್ಲ. ಬಾಗಿಲು ತೆಗೆದವರು ಅತ್ತೆಮ್ಮ, ಗೋಡೆ ಹಿಡಿದುಕೊಂಡು. ಒಂದು ಮಂಡಿ ಸೀರೆಯ ಒಳಗೂ ಕಾಣುವಷ್ಟು ದಪ್ಪಗಿತ್ತು. ಹಿಮ್ಮಡಿ ನೆಲಕ್ಕೆ ಊರದೆ ಬೆರಳ ಮೇಲೆ ನಡೆಯುತ್ತಿದ್ದರು. ಎಷ್ಟು ದಿನದಿಂದ ಎಂದು ಕೇಳಿದೆ. "ವಯಸ್ಸಾತು" ಅಂದರು. ಹೊನ್ನಾಳಿಗೆ ಹೋಗಿಬಂದ ಮೇಲೆ ನಿಮಗೂ ಭೇದಿ ಆಗಿತ್ತಲ್ಲ, ಕಣ್ಣು ಕೆಂಪಾಗಿತ್ತಾ ಎಂದೆ. "ಉಷ್ಣ. ಹರಳೆಣ್ಣೆ ಹಚ್ಕಂಡೆ, ಹೋತು." ಆಮೇಲೆ, ತಡೆದು, ಇನ್ನೊಂದು ಮಾತನ್ನೂ ಕೇಳಿದೆ. ಮೂತ್ರಕ್ಕೆ ಹೋದರೆ ಉರಿ ಇತ್ತಾ?

ಅತ್ತೆಮ್ಮ ನನ್ನ ಮುಖ ನೋಡಲಿಲ್ಲ. ನನಗೆ ಉತ್ತರ ಸಿಕ್ಕಿತು. ಸಂತೋಷದಿಂದ ಏನೇನೋ ಹೇಳಿಬಿಟ್ಟೆ. ತಾಯಿಗೂ ಮಗನಿಗೂ ಒಂದೇ ಊಟದಿಂದ ಒಂದೇ ಕಾಯಿಲೆ ಬಂದಿದೆ, ಇದು ರಕ್ತದಲ್ಲಿ ಹರಿದುಬರುವ ಗುಣ, ಕೆಲವು ಮನೆತನದವರ ಕೀಲಿಗೆ ಬೇಗ ಹತ್ತುತ್ತದೆ, ನೀವು ಬಂದು ನಮ್ಮ ಡಾಕ್ಟರಿಗೆ ತೋರಿಸಿದರೆ ಅಕ್ಕ ನಂಬಲೇಬೇಕು ಎಂದೆ.

"ತೋರಿಸಿದ್ರೆ ಏನು ಬರೀತಾರೆ?" ಎಂದು ಕೇಳಿದರು.

ಭೇದಿಯ ನಂತರದ್ದು ಎಂದು ಬರೆಸುತ್ತೇನೆ ಎಂದೆ.

"ನನ್ನ ಮಗಂಗೆ ಮೊದಲು ಏನು ಬರೆದ್ರು?" ನನ್ನ ಉತ್ತರಕ್ಕೆ ಕಾಯದೆ ಅವರೇ ಮುಂದುವರಿಸಿದರು. "ನರ್ಸಮ್ಮ ಬಂದ ದಿನ ನಾನು ಒಳಗೆ ಇದ್ದೆ. ಎಲ್ಲಾ ಕೇಳಿಸ್ಕಂಡೆ. ಮಗಂಗೆ ಯಾವುದು ಐತೋ ನನಗೂ ಅದೇ ಐತಲ್ಲ ಅಂತ ಅವತ್ತಿಂದ ನಿದ್ದಿ ಮಾಡಿಲ್ಲ. ಗಂಡ ಸತ್ತ ಹೆಂಗಸು ನಾನು. ಒಂದು ಮಾತು ಹೊರಗೆ ಬಿದ್ರೆ ಈ ಓಣ್ಯಾಗೆ ತಲೆ ಎತ್ತಿ ತಿರುಗಾಕೆ ಆಗ್ತೈತಾ? ಇಷ್ಟು ವರ್ಷ ಒಬ್ಬರ ಕಡೆ ಬೆರಳು ಮಾಡಿಸ್ಕಳ್ದಂಗೆ ಬಾಳೀನಿ. ನೀನು ಹೋಗವ್ವ."

ಸಿಟ್ಟಿನಿಂದ ಹೇಳಲಿಲ್ಲ. ಅದಕ್ಕೇ ನನಗೆ ಎದುರಾಡಲು ಆಗಲಿಲ್ಲ. ಚನ್ನಗಿರಿಗೆ ಬರುವ ಬಸ್ಸಿನಲ್ಲಿ ಕೂತು ಯೋಚಿಸಿದೆ. ಅವರ ಭಯ ಮೂಢತನವಲ್ಲ. ಅತ್ತೆಮ್ಮ ಆ ವಾರ ನಮ್ಮ ಆಸ್ಪತ್ರೆಗೆ ಬಂದಿದ್ದರೆ, ಡಾಕ್ಟರು ಅವಸರದಲ್ಲಿ ಆ ಹೆಸರನ್ನೇ ಬರೆದಿದ್ದರೆ, ಪುಸ್ತಕ ಅವರನ್ನೂ ಅದೇ ಮರದ ಕೆಳಗೆ ಕೂರಿಸುತ್ತಿತ್ತು. ಗುಂಪು ಮಾಡುವವರಿಗೆ ಗುಂಪು ಕಾಣುತ್ತದೆ. ಅದರೊಳಗೆ ಬಿದ್ದವರಿಗೆ ಓಣಿ ಕಾಣುತ್ತದೆ. ನಾನು ಅಲ್ಲಿಯವರೆಗೆ ಓಣಿಯ ಕಡೆ ನೋಡಿಯೇ ಇರಲಿಲ್ಲ.

ಭಾನುವಾರ ಜಗಳೂರಿನ ಮನೆಯ ಪಡಸಾಲೆಯಲ್ಲಿ ಜಮಖಾನೆ ಹಾಸಿ ಅಪ್ಪ, ಚಿಕ್ಕಪ್ಪ, ಇಬ್ಬರು ಹಿರಿಯರು ಕೂತಿದ್ದರು. ಗಂಡಿನ ಕಡೆಯಿಂದ ಭಾವನ ಸೋದರಮಾವ ಬರಬೇಕಿತ್ತು. ಮಧ್ಯಾಹ್ನದ ಹೊತ್ತಿಗೆ ಬಾಗಿಲಲ್ಲಿ ಕಾಣಿಸಿದವರು ಅತ್ತೆಮ್ಮ, ಒಬ್ಬರೇ. ಹೊನ್ನಾಳಿಯಲ್ಲೊಮ್ಮೆ, ದಾವಣಗೆರೆಯಲ್ಲೊಮ್ಮೆ ಬಸ್ಸು ಬದಲಾಯಿಸಿ ಆ ಕಾಲಿನಲ್ಲಿ ಬಂದಿದ್ದರು. ಗಂಡಿನ ತಾಯಿ ಮುನಿಸಿಕೊಂಡು ಹೋದ ಸೊಸೆಯ ತವರಿಗೆ ತಾನಾಗಿ ಬರುವುದು ನಮ್ಮಲ್ಲಿ ಇಲ್ಲ. ಅವ್ವ ಗಾಬರಿಯಿಂದ ಕಾಲಿಗೆ ನೀರು ತಂದಳು. ಅತ್ತೆಮ್ಮ ಕಾಲು ತೊಳೆದುಕೊಂಡು, ಜಮಖಾನೆಯ ಕಡೆ ನೋಡಿ, "ಗಂಡಸರು ಒಂದೀಟು ಹೊರಗೆ ಹೋಗ್ರಿ. ನಾನು ಹೆಂಗಸರ ಕೂಡೆ ಮಾತಾಡಾಕೆ ಬಂದೀನಿ" ಅಂದರು. ಹಿರಿಯರೊಬ್ಬರು ಏನೋ ಹೇಳಲು ಬಾಯಿ ತೆರೆದರು. ಅಪ್ಪ ಅವರ ತೋಳು ಹಿಡಿದು ಎಬ್ಬಿಸಿದ.

ಒಳಗೆ ಉಳಿದವರು ಅವ್ವ, ಅಕ್ಕ, ನಾನು. ಅತ್ತೆಮ್ಮ ಗೋಡೆಗೊರಗಿ ಕಾಲು ಚಾಚಿ ಕೂತರು. ಸೀರೆಯನ್ನು ಮಂಡಿಯ ಮೇಲಕ್ಕೆ ಸರಿಸಿದರು. ಅಕ್ಕ ಅವರ ಕಾಲನ್ನು ಅಷ್ಟು ವರ್ಷಗಳಲ್ಲಿ ನೋಡಿರಲಿಲ್ಲ ಅಂತ ಕಾಣುತ್ತದೆ, ಹಾಗೇ ನಿಂತುಬಿಟ್ಟಳು.

"ನೋಡು ತಾಯಿ," ಎಂದರು ಅತ್ತೆಮ್ಮ. "ಹೊನ್ನಾಳ್ಯಾಗೆ ಅವನು ಉಂಡಿದ್ದೇ ನಾನು ಉಂಡೆ. ಅವಂಗೆ ಭೇದಿ ಆತು, ನನಗೂ ಆತು. ಅವನ ಮಂಡಿ ಬಾತ್ಕಂತು, ನಂದೂ ಬಾತ್ಕಂತು. ಕಣ್ಣು ಕೆಂಪಾತು. ಉರಿಮೂತ್ರನೂ ಬಂತು, ನನಗೂ." ಅಕ್ಕನ ಮುಖವನ್ನೇ ನೋಡಿದರು. "ಅವಂಗೆ ಸಂತ್ಯಾಗೆ ಯಾವಳೋ ಕೊಟ್ಳು ಅಂತೀಯಲ್ಲ. ಹಂಗಾದ್ರೆ ನನಗೆ ಯಾರು ಕೊಟ್ರು, ಅದನ್ನೂ ಹೇಳು."

ಅವ್ವ ಸೆರಗಿನಿಂದ ಬಾಯಿ ಮುಚ್ಚಿಕೊಂಡು ಅಳತೊಡಗಿದಳು. ನಾನು ಓದಿದವಳು, ಗೊತ್ತಿರುವವಳು, ಗೋಡೆಯ ಕಡೆ ತಿರುಗಿ ನಿಂತೆ. ಒಬ್ಬ ಹೆಂಗಸು ತನ್ನ ಬಾಳಿನಲ್ಲಿ ಜೋಪಾನ ಮಾಡಿದ ಒಂದೇ ಒಂದು ವಸ್ತುವನ್ನು ಬೀಗರ ಮನೆಯಲ್ಲಿ ಹೀಗೆ ನೆಲದ ಮೇಲೆ ಇಟ್ಟದ್ದನ್ನು ನೋಡುವ ಧೈರ್ಯ ನನಗಿರಲಿಲ್ಲ. ಅಕ್ಕ ಮೆಲ್ಲಗೆ ಅವರ ಪಕ್ಕ ಕೂತು ಸೀರೆಯನ್ನು ಕಾಲಿನ ಮೇಲೆ ಎಳೆದಳು. "ನೀವು ಇದನ್ನ ಯಾರ ಹತ್ರನೂ ಹೇಳಬ್ಯಾಡ್ರಿ ಅತ್ತಿ," ಎಂದಳು. "ನಾನು ಬರ್ತೀನಿ."

"ನೀನೂ ಹೇಳಬ್ಯಾಡ. ಅವಂಗಂತೂ ಹೇಳಲೇ ಬ್ಯಾಡ. ಹೆತ್ತವ್ವನ ಈ ಮಾತು ಮಗ ಕೇಳಬಾರದು."

ಹೊರಗೆ ಬೇವಿನ ಮರದ ಕೆಳಗೆ ಬೀಡಿ ಸೇದುತ್ತಿದ್ದ ಗಂಡಸರಿಗೆ ಅಕ್ಕ ಹೊರಡುವುದಕ್ಕೆ ಬಟ್ಟೆ ಕಟ್ಟುತ್ತಿದ್ದಾಳೆ ಎಂಬುದಷ್ಟೇ ಗೊತ್ತಾಯಿತು. ಹಿರಿಯರು ತಾವು ಬಂದು ಕೂತಿದ್ದಕ್ಕೇ ಹೀಗಾಯಿತು ಎಂಬಂತೆ ಮೀಸೆ ತಿರುವಿ ಊಟಕ್ಕೆ ಕೂತರು. ಅಲ್ಲ ಎಂದು ಹೇಳುವವರು ಯಾರೂ ಇರಲಿಲ್ಲ.

ಅತ್ತೆಮ್ಮ ಆಸ್ಪತ್ರೆಗೆ ಬರಲಿಲ್ಲ. ಡಾಕ್ಟರನ್ನು ಕೇಳಿ ನಾನೇ ಮಾತ್ರೆ ಕಳಿಸಿದೆ. ಕೆಲವು ತಿಂಗಳಲ್ಲಿ ತಾಯಿ ಮಗ ಇಬ್ಬರ ಮಂಡಿಯೂ ಇಳಿಯಿತು. ಯುಗಾದಿಗೆ ನಾನು ನ್ಯಾಮತಿಗೆ ಹೋದಾಗ ಭಾವ ಚಕ್ಕಳಮಕ್ಕಳ ಹಾಕಿ ಕೂತು ಗಂಟು ಬಿಚ್ಚಿದರು. ಇದ್ದುದರಲ್ಲಿ ಒಳ್ಳೆಯ ಕಣ ಆರಿಸಿ ನನ್ನ ಕೈಗಿಟ್ಟರು. ತಮಾಷೆಯಾಡುತ್ತಿದ್ದ ಮನುಷ್ಯ ಒಮ್ಮೆಲೇ ಗಂಭೀರವಾಗಿ, "ನಾದಿನಿ, ಈ ಬಣ್ಣ ನಿನಗೆ ಒಪ್ಪಲಿ ಬಿಡಲಿ, ತಗಾ. ನೀನು ಆ ನಂಬರ್ ತಿದ್ದಿಸದೆ ಹೋಗಿದ್ರೆ ನಿಮ್ಮಕ್ಕ ತಿರುಗಿ ಬರ್ತಿರಲಿಲ್ಲ. ನನ್ನ ಮರ್ಯಾದಿ ಉಳಿಸಿದೋಳು ನೀನು" ಎಂದರು.

ಅಕ್ಕ ಒಲೆಯ ಮುಂದೆ ಹೋಳಿಗೆ ಬೇಯಿಸುತ್ತಿದ್ದಳು, ಅತ್ತೆಮ್ಮ ಪಕ್ಕದಲ್ಲೇ ಕೂತು ತಟ್ಟಿಕೊಡುತ್ತಿದ್ದರು. ಅಕ್ಕನ ಕೈ ನಿಂತಿತು. ನಾನು ಭಾವನಿಗೆ ಏನೋ ಹೇಳಲು ಹೊರಟೆ. ಅತ್ತೆಮ್ಮ ಕಣಕದಿಂದ ತಲೆ ಎತ್ತದೆ ಒಳಗಿಂದಲೇ ಅಂದರು:

"ಇಸ್ಕಾ ಅವ್ವ. ಅವನು ಕೊಡೋದು ಸುಳ್ಳಲ್ಲ. ನೀನಾದ್ದಕ್ಕೆ ತಿದ್ದಿಸಿದೆ, ನಮ್ಮಂಥೋರಿಗೆ ಅದೆಲ್ಲ ಏನು ತಿಳೀತೈತೆ."

ನಾನು ಇಸಿದುಕೊಂಡೆ.